ನಮ್ಮದೇ ಮನೆಗೆ ನಾವು ಕೊಟ್ಟ ಬಾಡಿಗೆ

ನನ್ನ ಮದುವೆಗೆ ಬಂದು ಉಂಡು ಹೋದವರ ಮೇಲೆ ನನಗೆ ಇವತ್ತಿಗೂ ಎಳ್ಳಷ್ಟು ಗೌರವವಿಲ್ಲ. ನಾಲ್ಕು ದಿನ ಉಂಡರು. ಮೂರನೆಯ ದಿನ ಹೋಳಿಗೆಗೆ ತುಪ್ಪ ಸಾಲದಾಯಿತು ಎಂದು ಪಂಕ್ತಿಯಲ್ಲಿ ಕೂತೇ ಗೊಣಗಿದರು. ಬೆಂಗಳೂರು ದಂಡಿನಿಂದ ರೈಲಿನಲ್ಲಿ ಬ್ಯಾಂಡಿನವರು ಬಂದಿದ್ದರು. ಚನ್ನಪಟ್ಟಣದ ಪೇಟೆ ಬೀದಿಯಲ್ಲಿ ಅವರು ಊದಿದ್ದು ಏನೆಂದು ಒಬ್ಬರಿಗೂ ತಿಳಿಯಲಿಲ್ಲ, ಆದರೂ ತಿಳಿದವರ ಹಾಗೆ ಎಲ್ಲರೂ ತಲೆದೂಗಿದರು. ಆಗ ನಮ್ಮ ಜನದಲ್ಲಿ ಮದುವೆ ನಡೆಯುತ್ತಿದ್ದದ್ದು ಗಂಡಿನ ಮನೆಯಲ್ಲಿ, ಖರ್ಚೂ ಅವರದೇ. ನಮ್ಮ ಮಾವನಿಗೆ ಒಬ್ಬನೇ ಮಗ. ಆ ಒಬ್ಬ ಮಗನ ಮದುವೆ ಹತ್ತು ವರ್ಷ ಊರ ಬಾಯಲ್ಲಿರಬೇಕು ಎಂದು ಅವರಿಗೆ ಆಸೆ. ಊರ ಬಾಯಲ್ಲಿ ಅದು ಹತ್ತು ದಿನವೂ ನಿಲ್ಲಲಿಲ್ಲ. ನಿಂತದ್ದು ನಮ್ಮ ಕೊರಳ ಮೇಲೆ, ಇಪ್ಪತ್ತು ವರ್ಷ.

ಆ ಊಟಕ್ಕೂ ಬ್ಯಾಂಡಿಗೂ ಮಾವ ಮನೆಯನ್ನು ಭೋಗ್ಯಕ್ಕೆ ಹಾಕಿ ನಾನೂರು ರೂಪಾಯಿ ತಂದಿದ್ದರು. ಇದು ನನಗೆ ತಿಳಿದದ್ದು ಹದಿನೈದು ವರ್ಷ ಆ ಮನೆಯ ಒಲೆ ಊದಿದ ಮೇಲೆ. ಹೆಂಗಸರಿಗೆ ಇಂಥದ್ದನ್ನು ಹೇಳುವ ಪದ್ಧತಿ ನಮ್ಮಲ್ಲಿ ಇರಲಿಲ್ಲ. ರೂಪಾಯಿ ಉಳಿಸುವ ಕೆಲಸ ಮಾತ್ರ ಹೆಂಗಸರದು.

ಮಾವನದು ಸ್ಟೇಷನ್ ರಸ್ತೆಯಲ್ಲಿ ಬಣ್ಣದ ಬೊಂಬೆಗಳ ಅಂಗಡಿ. ಮಕ್ಕಳ ಗಿಲಕಿ, ಬುಗುರಿ, ಕುಂಕುಮದ ಭರಣಿ, ಇಂಥವನ್ನು ಮರ ಕಡೆಯುವವರಿಂದ ಕೊಂಡು ರೈಲಿನ ಪ್ರಯಾಣಿಕರಿಗೆ ಮಾರುತ್ತಿದ್ದರು. ನನ್ನ ಗಂಡ ಗಲ್ಲಾಪೆಟ್ಟಿಗೆಯ ಮುಂದೆ ಕೂರುತ್ತಿದ್ದರು. ಅವರ ವಿಷಯ ಹೇಳಲು ಹೆಚ್ಚಿಲ್ಲ. ಏನು ಕೇಳಿದರೂ "ಅಪ್ಪನ್ನ ಕೇಳು" ಎನ್ನುತ್ತಿದ್ದ ಮನುಷ್ಯ. ಸೊಪ್ಪು ಹುರಿಯಲೋ ಬಸಿಯಲೋ ಎಂದು ಕೇಳಿದರೂ ಅದೇ ಉತ್ತರ.

ಮಾವ ಸಂಜೆ ಜಗಲಿಯ ಮೇಲೆ ಕೂತರೆ ಹೋಗಿಬರುವವರನ್ನು ಕರೆದು ಕೂರಿಸಿಕೊಂಡು ಒಂದೇ ಮಾತು ಆಡುತ್ತಿದ್ದರು.

"ನೋಡಪ್ಪಾ, ನಮ್ ವಂಸ್ದಾಗೆ ಯಾವನೂ ಬಡ್ಡಿ ಕೊಟ್ಟೋನಿಲ್ಲ. ಬಡ್ಡಿ ಕಟ್ಟಿ ಬದುಕೋ ಬಾಳು ಒಂದು ಬಾಳಾ?"

ಕೇಳುವವರು "ಊಂ ಯಜಮಾನ್ರೇ, ನೀವು ಬುಡಿ" ಎನ್ನುತ್ತಿದ್ದರು. ಅವರಲ್ಲಿ ಅರ್ಧ ಜನ ಬಡ್ಡಿ ಕಟ್ಟುವವರು, ಮಿಕ್ಕ ಅರ್ಧ ಬಡ್ಡಿ ತಿನ್ನುವವರು. ಹೊಸಿಲ ಒಳಗಿದ್ದ ನಾನೂ ಆಗ ಆ ಮಾತಿಗೆ ಬೀಗುತ್ತಿದ್ದೆ ಎಂದು ಹೇಳಿಬಿಡುವುದು ಒಳ್ಳೆಯದು.

ಪ್ರತಿ ತಿಂಗಳೂ ಮೊದಲ ಸೋಮವಾರ ಮಾವ ಜರಿ ರುಮಾಲು ಸುತ್ತಿ, ಹಿತ್ತಾಳೆ ತಟ್ಟೆಯಲ್ಲಿ ಒಂದು ತೆಂಗಿನಕಾಯಿ, ಒಂದು ಕಟ್ಟು ವೀಳ್ಯದೆಲೆ ಇಟ್ಟುಕೊಂಡು ಮಂಡಿ ಸಾವ್ಕಾರರ ಮನೆಗೆ ಹೋಗುತ್ತಿದ್ದರು. ಪೇಟೆ ಬೀದಿಯ ಉದ್ದಕ್ಕೂ ಎಲ್ಲರ ಕಣ್ಣೆದುರಿಗೇ ನಡೆದು ಹೋಗುತ್ತಿದ್ದರು. ದೊಡ್ಡವರು ದೊಡ್ಡವರನ್ನು ನೋಡಲು ಹೋಗುತ್ತಾರೆ ಎಂದು ನಾವೂ ಅಂದುಕೊಂಡಿದ್ದೆವು, ಬೀದಿಯೂ ಅಂದುಕೊಂಡಿತ್ತು. ಎಲೆಯ ಕೆಳಗೆ ರೂಪಾಯಿ ಇರುತ್ತಿತ್ತು. ಅಲ್ಲಿ ಅವರಿಗೆ ಕಾಫಿ ಕೊಡುತ್ತಿದ್ದರಂತೆ. ಆಗ ನಮ್ಮೂರಲ್ಲಿ ಕಾಫಿ ಕುಡಿಯುವ ಮನೆ ಬೆರಳೆಣಿಕೆಯಷ್ಟು. ಮನೆಗೆ ಬಂದು "ಬೆಳ್ಳಿ ಲೋಟದಾಗೆ ಕೊಟ್ರು ಕಣವ್ವ" ಎಂದು ಹೇಳದ ಸೋಮವಾರ ಇಲ್ಲ. ನಾನೂರು ರೂಪಾಯಿಗೆ ಮನೆ ಬರೆಸಿಕೊಂಡವನು ಒಂದು ಲೋಟ ಕಾಫಿಗೆ ಯಾಕೆ ಹಿಂದೆಮುಂದೆ ನೋಡುತ್ತಾನೆ?

ಭೋಗ್ಯದ್ದು ಐದೈದು ವರ್ಷದ ವಾಯಿದೆ. ಮೂರನೆಯ ವಾಯಿದೆ ಮುಗಿಯಲು ಎರಡು ತಿಂಗಳಿದ್ದಾಗ ಮಾವನ ಕಣ್ಣಿಗೆ ಪೊರೆ ಬಂತು. ಗಂಡನಿಗೆ ರುಜು ಹಾಕಲು ಬರುತ್ತಿತ್ತು, ಅದರಾಚೆಗೆ ಅಕ್ಷರ ಹತ್ತುತ್ತಿರಲಿಲ್ಲ. ನನಗೆ ಹತ್ತುತ್ತಿತ್ತು. ಮಾಗಡಿ ಕಡೆ ಗುಡೇಮಾರನಹಳ್ಳಿಯಲ್ಲಿ ನಮ್ಮಪ್ಪ ಕೂಲಿಮಠ ನಡೆಸುತ್ತಿದ್ದರು. ಹುಡುಗರು ರಾಗಿ ತಂದು ಹಾಕಿ ಮರಳಿನ ಮೇಲೆ ಅಕ್ಷರ ತಿದ್ದುತ್ತಿದ್ದರು. ನಾನು ಗೋಡೆಯ ಈಚೆ ರಾಗಿ ಕೇರುತ್ತಾ ಕೇಳಿಸಿಕೊಂಡು ಕಾಲು, ಅರೆ, ಮುಕ್ಕಾಲಿನ ಮಗ್ಗಿಗಳನ್ನೆಲ್ಲ ಬಾಯಿಪಾಠ ಮಾಡಿದ್ದೆ. ನಮ್ಮಪ್ಪ ಗದರಿಸಲಿಲ್ಲ, ಹಲಗೆ ಕೊಟ್ಟರು. ಆ ವಿದ್ಯೆ ಗಂಡನ ಮನೆಯಲ್ಲಿ ಹಾಲಿನವಳ ಲೆಕ್ಕಕ್ಕೆ ಬಿಟ್ಟರೆ ಬೇರೆ ಯಾವುದಕ್ಕೂ ಬೇಕಾಗಿರಲಿಲ್ಲ.

ಒಂದು ಮಧ್ಯಾಹ್ನ ಮಾವ ದೇವರ ಗೂಡಿನ ಹಿಂದಿನಿಂದ ಒಂದು ಬಟ್ಟೆಗಂಟು ತೆಗೆದರು.

"ಒಸಿ ಓದವ್ವ. ವಾಯ್ದೆ ಯಾವ ತಿಂಗ್ಳು ಅಂತ ನೋಡು. ಮೊದ್ಲನೇ ಪತ್ರದಿಂದ್ಲೂ ಓದ್ಬುಡು."

ಮೊದಲ ಪತ್ರ ಭೋಗ್ಯಪತ್ರ. ಛಾಪಾ ಕಾಗದದ ಮೇಲೆ ಗುಂಡು ಗುಂಡಾಗಿ ಬರೆದಿತ್ತು. ಭೋಗ್ಯ ಎಂದರೆ ಕಷ್ಟದ ವಿಷಯವೇನಲ್ಲ. ಹಣ ಕೊಟ್ಟವನು ಮನೆಯನ್ನು ತನ್ನ ವಶಕ್ಕೆ ತೆಗೆದುಕೊಂಡು ಅನುಭವಿಸುತ್ತಾನೆ. ಹಣ ಪಡೆದವನು ವಾಯಿದೆಗೆ ಬರೀ ಅಸಲು ಹಿಂದಕ್ಕೆ ಕೊಟ್ಟು ಮನೆ ಬಿಡಿಸಿಕೊಳ್ಳುತ್ತಾನೆ. 'ಹಣಕ್ಕೆ ಬಡ್ಡಿ ಇಲ್ಲ, ಮನೆಗೆ ಬಾಡಿಗೆ ಇಲ್ಲ' ಎಂಬ ಸಾಲು ಬಂದಾಗ ಮಾವ ಕಣ್ಣು ಮುಚ್ಚಿ ತಲೆಯಾಡಿಸಿದರು, ಮಂತ್ರ ಕೇಳಿದವರ ಹಾಗೆ. "ಇನ್ನೊಂದ್ಸಲ ಓದು" ಎಂದರು. ಓದಿದೆ.

ಅದರ ಹಿಂದೆಯೇ ಇನ್ನೊಂದು ಕಾಗದ. ಅದೇ ದಿನ, ಅದೇ ಮಸಿ, ಅದೇ ಬರಹಗಾರನ ಕೈ. ಬಾಡಿಗೆ ಕರಾರು. ಸಾವ್ಕಾರರ ವಶಕ್ಕೆ ಹೋದ ಆ ಮನೆಯನ್ನು ನಮ್ಮ ಮಾವನೇ ತಿಂಗಳಿಗೆ ನಾಲ್ಕು ರೂಪಾಯಿಯಂತೆ ಬಾಡಿಗೆಗೆ ಹಿಡಿದಿದ್ದರು. ತಾವು ಹುಟ್ಟಿದ ಮನೆಯನ್ನು, ತಮ್ಮಪ್ಪ ಕಟ್ಟಿಸಿದ ಮನೆಯನ್ನು.

"ಇದ್ಯಾಕೆ ಮಾವ?" ಎಂದೆ.

"ಇನ್ನೇನ್ ಮಾಡನ? ಮಗನ್ ಮದ್ವೆ ಮಾಡಿ ಮಾರ್ನೇ ದಿನ ಸಾಮಾನು ಒತ್ಕಂಡು ಆಚ್ಗೆ ಓದ್ರೆ ಊರ್ನೋರು ಏನಂದಾರು? ಸಾವ್ಕಾರ್ರು ದೊಡ್ ಮನ್ಸ ಮಾಡಿ, ನಿಮ್ಮನೇಲಿ ನೀವೇ ಇರಿ ಯಜಮಾನ್ರೇ, ನಾನೇನು ಬಂದು ಕೂತ್ಕತೀನಾ ಅಂದ್ರು. ಬಾಡ್ಗೆ ತಾನೆ, ಬಡ್ಡಿ ಅಲ್ವಲ್ಲ."

ನಾನು ಎದ್ದು ಮಗಳ ಹಲಗೆ ಬಳಪ ತಂದೆ. ಮಾವನ ರಸೀತಿಗಳು ತಂತಿಗೆ ಚುಚ್ಚಿ ಕ್ರಮವಾಗಿಯೇ ಇದ್ದವು. ದುಡ್ಡು ಕೊಡುವುದರಲ್ಲಿ ಅವರು ಬಹಳ ಅಚ್ಚುಕಟ್ಟು.

ನಾನೂರಕ್ಕೆ ತಿಂಗಳಿಗೆ ನಾಲ್ಕು. ನೂರಕ್ಕೆ ಒಂದು ರೂಪಾಯಿ, ಪೇಟೆಯಲ್ಲಿ ನಡೆಯುತ್ತಿದ್ದ ಬಡ್ಡಿಯ ದರವೇ. ಮೊದಲ ಐದು ವರ್ಷದಲ್ಲಿ ಇನ್ನೂರು ರೂಪಾಯಿ ಕೊಟ್ಟಿದ್ದರು. ಪ್ಲೇಗಿನ ವರ್ಷ ಅಂಗಡಿ ಮುಚ್ಚಿದ್ದರಿಂದ ನಲವತ್ತು ಬಾಕಿ ನಿಂತಿತ್ತು. ವಾಯಿದೆ ಮುಗಿದಾಗ ಆ ನಲವತ್ತನ್ನೂ ಪತ್ರದ ಖರ್ಚು ಹತ್ತನ್ನೂ ಅಸಲಿಗೆ ಸೇರಿಸಿ ನಾನೂರೈವತ್ತಕ್ಕೆ ಹೊಸ ಪತ್ರ ಬರೆಸಿದ್ದರು. ಬಾಡಿಗೆ ನಾಲ್ಕೂವರೆ ಆಯಿತು. ಎರಡನೆಯ ಐದು ವರ್ಷದಲ್ಲಿ ಇನ್ನೂರ ಮೂವತ್ತು ಕೊಟ್ಟು, ಮತ್ತೆ ನಲವತ್ತು ಬಾಕಿ, ಮತ್ತೆ ಹತ್ತು ಖರ್ಚು. ಅಸಲು ಐನೂರು, ಬಾಡಿಗೆ ಐದು. ಮೂರನೆಯ ಐದು ವರ್ಷ ಒಂದು ಕಾಸೂ ಬಾಕಿ ಇಲ್ಲದೆ, ಮುಂದಿನ ಎರಡು ತಿಂಗಳದ್ದೂ ಸೇರಿಸಿದರೆ, ಮುನ್ನೂರು. ಒಟ್ಟು ಏಳುನೂರ ಮೂವತ್ತು ರೂಪಾಯಿ. ಇದರ ಮೇಲೆ ಪುರಸಭೆಯ ಕಂದಾಯ ಮೂವತ್ತು. ಮಾಳಿಗೆ ಸೋರುತ್ತದೆಂದು ಮಂಗಳೂರು ಹೆಂಚು ಹೊದಿಸಿದ್ದು ನೂರಿಪ್ಪತ್ತು, ಅದೂ ನಮ್ಮ ಕೈಯಿಂದಲೇ. ಸಾವ್ಕಾರರು ಬಂದು ಹೆಂಚು ನೋಡಿ "ಭೇಷ್" ಎಂದು ಹೊಗಳಿ ಹೋಗಿದ್ದರು.

ನಾನೂರು ತಂದು ಎಂಟುನೂರೆಂಬತ್ತು ಕೊಟ್ಟಿದ್ದೆವು. ಇನ್ನೂ ಕೊಡಬೇಕಾದದ್ದು ಐನೂರು.

ಹಲಗೆ ಒರೆಸಿ ಇನ್ನೊಂದು ಲೆಕ್ಕ ಹಾಕಿದೆ. ಮಾಡಬಾರದಿತ್ತು. ನಮ್ಮ ಮನೆಯ ಹಿಂದೆ ಎರಡು ಬೀದಿ ದಾಟಿದರೆ ಕೆಳಗಿನ ಓಣಿ. ಅಲ್ಲಿ ಎರಡು ಅಂಕಣದ ಮನೆ ತಿಂಗಳಿಗೆ ಒಂದೂವರೆ ರೂಪಾಯಿಗೆ ಸಿಗುತ್ತಿತ್ತು. ಮದುವೆಯಾದ ತಿಂಗಳೇ ಭೋಗ್ಯದ ಮನೆಯನ್ನು ಸಾವ್ಕಾರರಿಗೆ ಬಿಟ್ಟುಕೊಟ್ಟು ಅಲ್ಲಿಗೆ ಹೋಗಿದ್ದರೆ ತಿಂಗಳಿಗೆ ಎರಡೂವರೆ, ವರ್ಷಕ್ಕೆ ಮೂವತ್ತು ಉಳಿಯುತ್ತಿತ್ತು. ಹದಿನಾಲ್ಕನೆಯ ವರ್ಷಕ್ಕೆ ನಾನೂರೂ ಕೂಡಿ ಮನೆ ನಮ್ಮ ಕೈಗೆ ಬಂದಿರುತ್ತಿತ್ತು. ಪತ್ರದಲ್ಲಿ ಬರೆದದ್ದು ಸುಳ್ಳಲ್ಲ. ಹಣಕ್ಕೆ ಬಡ್ಡಿ ನಿಜವಾಗಿಯೂ ಇರಲಿಲ್ಲ. ಊರವರ ಮುಂದೆ ಅದೇ ಜಗಲಿಯ ಮೇಲೆ ಕೂರುವುದಕ್ಕೆ ಬಡ್ಡಿ ಇತ್ತು.

ಮಾವನಿಗೆ ಎಲ್ಲವನ್ನೂ ಬಿಡಿಸಿ ಹೇಳಿದೆ. ದನಿಯಲ್ಲಿ ತಿರಸ್ಕಾರ ಇತ್ತು, ಇರಲಿಲ್ಲ ಎಂದು ಹೇಳಲಾರೆ. ಹದಿನೈದು ವರ್ಷ ಬಡ್ಡಿ ಕೊಟ್ಟು, ಬಡ್ಡಿ ಕೊಟ್ಟೋನಲ್ಲ ಎಂದು ಜಗಲಿಯ ಮೇಲೆ ಮೀಸೆ ತಿರುವಿದ ಮನುಷ್ಯನ ಎದುರು ತಿರಸ್ಕಾರ ಬಾರದಿದ್ದರೆ ಇನ್ನು ಯಾರ ಎದುರು ಬರಬೇಕು? ಹೇಳುತ್ತಾ ಹೇಳುತ್ತಾ ನನಗೆ ಖುಷಿಯೂ ಆಗುತ್ತಿತ್ತು. ನಮ್ಮಪ್ಪನ ಮಗ್ಗಿ ಇಷ್ಟು ವರ್ಷಕ್ಕೆ ಒಂದು ಕೆಲಸಕ್ಕೆ ಬಂದಿತ್ತು.

ಮಾವ ಎರಡು ದಿನ ಊಟಕ್ಕೆ ಸರಿಯಾಗಿ ಕೂರಲಿಲ್ಲ. ಓಣಿಗೆ ಹೋಗೋಣವೇ ಎಂದು ಗಂಡನನ್ನು ಕೇಳಿದೆ. "ಅಪ್ಪನ್ನ ಕೇಳು" ಎಂದರು. ಅತ್ತೆಮ್ಮ ಮಾತ್ರ ನನ್ನನ್ನು ಹಿತ್ತಲಿಗೆ ಕರೆದು, "ಗಂಡಸ್ರ ಮಾನ ತೆಗೀಬಾರ್ದು ಕಣವ್ವ" ಎಂದರು. ಗಂಡಸರ ಮಾನಕ್ಕೆ ತಿಂಗಳಿಗೆ ಐದು ರೂಪಾಯಿ ಆಗುತ್ತಿದೆ ಅತ್ತೆಮ್ಮ, ಇನ್ನು ನಮಗೆ ಪೂರೈಸುವುದಿಲ್ಲ ಎಂದೆ. ಅವರು ಸೆರಗು ಬಾಯಿಗೆ ಇಟ್ಟುಕೊಂಡು ಒಳಗೆ ಹೋದರು. ಅತ್ತರೋ ನಕ್ಕರೋ ತಿಳಿಯಲಿಲ್ಲ.

ಮೂರನೆಯ ದಿನ ಮಾವ ತಾವೇ ಬಂದರು. "ಲೆಕ್ಕ ಸರ್ಯಾಗ್ ಐತಾ?" ಎಂದು ಕೇಳಿದರು. ಐತೆ ಎಂದೆ. ಈಗ ಓಣಿಗೆ ಹೋದರೂ ತಿಂಗಳಿಗೆ ಮೂರೂವರೆ ಉಳಿಯುತ್ತದೆ, ಹನ್ನೆರಡು ವರ್ಷಕ್ಕೆ ಐನೂರು ಕೂಡುತ್ತದೆ, ಮನೆ ನಮಗೇ ಬರುತ್ತದೆ ಎಂದೆ.

"ಸರಿ ಕಣವ್ವ. ಓಗನ. ಸಾವ್ಕಾರ್ರಿಗೆ ನಾನೇ ಯೋಳ್ತೀನಿ."

ಇಷ್ಟು ಬೇಗ ಒಪ್ಪುತ್ತಾರೆಂದು ನಾನು ಎಣಿಸಿರಲಿಲ್ಲ. ನಿಜ ಹೇಳಬೇಕೆಂದರೆ ಇನ್ನೂ ಎರಡು ದಿನ ವಾದ ಮಾಡಲು ಸಿದ್ಧಳಾಗಿದ್ದೆ. ಓಣಿಗೆ ಹೋಗಿ ಮನೆ ನೋಡಿ ಬಂದೆ. ಕತ್ತಲೆ ಮನೆ, ಆದರೆ ಒಲೆಯ ಮೇಲೆ ಹೊಗೆಗಿಂಡಿ ಇತ್ತು, ಓಣಿಯ ಬಾವಿ ಬಾಗಿಲಿಗೇ ಇತ್ತು. ಮನೆಯವಳಿಗೆ ಎಂಟಾಣೆ ಮುಂಗಡ ಕೊಟ್ಟೆ.

ಅದೇ ವಾರ ಕನಕಪುರದಿಂದ ಹೇಳಿಕಳಿಸಿದರು. ನಮ್ಮ ಮಗಳಿಗೆ ಗಂಡು ನೋಡುವ ಕಾಲ ಬಂದಿತ್ತು. ಅವರದು ರೇಷ್ಮೆಯ ವ್ಯಾಪಾರ, ಎರಡು ಎತ್ತಿನ ಗಾಡಿ, ಅನುಕೂಲಸ್ಥರು. ಹುಡುಗಿ ನೋಡಲು ಹದಿನೈದು ದಿನದೊಳಗೆ ಬರುತ್ತೇವೆ ಎಂದು ತಿಳಿಸಿದ್ದರು.

ನಾನು ಓಣಿಯ ಮನೆಯನ್ನು ನೆನೆಸಿಕೊಂಡೆ. ಅಲ್ಲಿ ಹತ್ತು ಜನ ಕೂರಲು ಜಾಗವಿಲ್ಲ. ಜಗಲಿ ಒಬ್ಬ ಮನುಷ್ಯ ಕೂತರೆ ತುಂಬುತ್ತದೆ. ಬಂದವರು ಇದು ಯಾಕೆ, ಹಿಂದೆ ಎಲ್ಲಿದ್ದಿರಿ ಎಂದು ಕೇಳುತ್ತಾರೆ. ಓಣಿಯಲ್ಲಿ ಯಾರಾದರೂ ಒಬ್ಬರು ಹೇಳುತ್ತಾರೆ. ಮಗಳನ್ನು ಬಿಟ್ಟು ಹೋಗುತ್ತಾರೆ. ಇದೆಲ್ಲ ಅರ್ಧ ಗಳಿಗೆಯಲ್ಲಿ ನನ್ನ ತಲೆಯಲ್ಲಿ ಓಡಿತು. ಆ ಹೊತ್ತಿಗೆ ಯಾವ ಮಗ್ಗಿಯೂ ನೆನಪಿಗೆ ಬರಲಿಲ್ಲ.

ಮಾವ ರುಮಾಲು ಸುತ್ತಿಕೊಂಡು ಸಾವ್ಕಾರರ ಮನೆಗೆ ಹೊರಟಿದ್ದರು. ನಾನು ಅಡ್ಡ ಬಂದೆ.

"ಮಾವ, ಒಸಿ ದಿನ ತಡೀರಿ. ಹುಡ್ಗಿ ಕೆಲ್ಸ ಒಂದು ಆಗ್ಬುಡ್ಲಿ."

ಪೊರೆ ಬಂದ ಕಣ್ಣಿನಿಂದ ನನ್ನ ಮುಖವನ್ನೇ ನೋಡಿದರು. ಎಷ್ಟು ಕಂಡಿತೋ ಕಾಣೆ. "ಆಗ್ಲಿ ಕಣವ್ವ" ಎಂದರು.

ಸಾವ್ಕಾರರು ಒಸಿ ದಿನಕ್ಕೆಲ್ಲ ಪತ್ರ ಬರೆಸುವವರಲ್ಲ. ಐದು ವರ್ಷಕ್ಕೆ ಕಮ್ಮಿ ಆಗುವುದಿಲ್ಲ, ಬಾಡಿಗೆಯ ಕರಾರೂ ಅಷ್ಟಕ್ಕೇ ಎಂದರಂತೆ. ಕಾಫಿ ಕೊಟ್ಟೇ ಹೇಳಿದರಂತೆ. ಏನು ಮಾಡೋಣ ಎಂದು ಮಾವ ಬಂದು ನನ್ನನ್ನು ಕೇಳಿದರು. ಅವರು ಯಾರನ್ನಾದರೂ ಹೀಗೆ ಕೇಳಿದ್ದು ನಾನು ನೋಡಿದಂತೆ ಅದೇ ಮೊದಲು. "ಬರೆಸಿ ಮಾವ" ಎಂದೆ.

ಕನಕಪುರದವರು ಬಂದರು. ಉಪ್ಪಿಟ್ಟು, ಬಾಳೆಹಣ್ಣು ತಿಂದರು. ಗಂಡಿನ ತಾಯಿ ದಪ್ಪ ಹೆಂಗಸು, ತೊಟ್ಟಿಯಲ್ಲಿ ನಿಂತು ತಲೆಯೆತ್ತಿ ಹೆಂಚು ನೋಡಿದಳು, ಕಂಬ ತಟ್ಟಿದಳು, ಸಂತೆಯಲ್ಲಿ ಹಸು ನೋಡುವವರ ಹಾಗೆ.

"ಮನೆ ಸ್ವಂತದ್ದಾ?" ಎಂದಳು.

ನಾನು ಮಾವನಿಗೆ ಬಾಯಿ ತೆರೆಯಲು ಬಿಡಲಿಲ್ಲ.

"ಊಂ, ನಮ್ದೇಯ."

ಇಷ್ಟೇ ಮಾತು. ಮಾವ ತಲೆ ತಗ್ಗಿಸಿ ಎಲೆಗೆ ಸುಣ್ಣ ಹಚ್ಚುತ್ತಾ ಕೂತರು.

ಒಂದು ತಿಂಗಳಾದ ಮೇಲೆ ಸುದ್ದಿ ಬಂತು. ಆ ಹುಡುಗನಿಗೆ ಬಿಡದಿಯ ಕಡೆ ಗೊತ್ತಾಯಿತು, ಅಲ್ಲಿ ನಾಲ್ಕು ಎಕರೆ ಹಿಪ್ಪುನೇರಳೆ ತೋಟ ಕೊಡುತ್ತಾರೆ ಎಂದು. ಮರುವರ್ಷ ನಮ್ಮ ಮಗಳಿಗೆ ಮಾಗಡಿಯಲ್ಲಿ ಆಯಿತು. ಒಳ್ಳೆಯ ಜನ. ಮನೆ ಯಾರದು ಎಂದು ಅವರು ಕೇಳಲೇ ಇಲ್ಲ. ಹುಡುಗಿಗೆ ರೊಟ್ಟಿ ತಟ್ಟಲು ಬರುತ್ತದಾ ಎಂದು ಕೇಳಿದರು, ಬರುತ್ತದೆ ಎಂದೆವು, ಮುಗಿಯಿತು.

ನಾಲ್ಕನೆಯ ವಾಯಿದೆಯ ಅಷ್ಟೂ ತಿಂಗಳು ಬಾಡಿಗೆಯನ್ನು ನಾನೇ ಎಣಿಸಿ ಎಲೆಯ ಕೆಳಗೆ ಇಟ್ಟೆ. ಮಾವನಿಗೆ ಕಾಣುತ್ತಿರಲಿಲ್ಲ. ಪತ್ರದ ಖರ್ಚು ಹತ್ತನ್ನು ಈ ಸಲ ಕೈಯಿಂದಲೇ ಕೊಟ್ಟಿದ್ದರಿಂದ ಅಸಲು ಐನೂರೇ ಇತ್ತು. ಐದು ರೂಪಾಯಿಯಂತೆ ಅರವತ್ತು ಸಲ. ಒಂದು ಸಲವಾದರೂ ಮಾವ ಓಣಿಯ ಮನೆಯ ಮಾತು ತೆಗೆಯಲಿಲ್ಲ, ನೀನೇ ಬೇಡ ಅಂದೆಯಲ್ಲ ಎನ್ನಲಿಲ್ಲ. ಅವರು ಅನ್ನಲಿ ಎಂದು ನಾನು ಕಾಯುತ್ತಿದ್ದೆ. ಅಂದಿದ್ದರೆ ತಿರುಗಿ ಹೇಳಲು ಹದಿನೈದು ವರ್ಷದ ಲೆಕ್ಕ ನನ್ನ ನಾಲಿಗೆಯ ತುದಿಯಲ್ಲಿತ್ತು. ಆ ಅವಕಾಶವನ್ನೂ ಅವರು ನನಗೆ ಕೊಡಲಿಲ್ಲ.

ವಾಯಿದೆ ಮುಗಿದಾಗ ಸಾವ್ಕಾರರು ಮತ್ತೆ ಬರೆಸಲು ಒಪ್ಪಲಿಲ್ಲ. ಅವರ ಮಂಡಿಗೆ ಉಗ್ರಾಣ ಬೇಕಾಗಿತ್ತು. ಐನೂರು ತನ್ನಿ, ಇಲ್ಲವಾದರೆ ಕ್ರಯಪತ್ರ ಮಾಡಿಕೊಡಿ ಎಂದರು. ಮುನಸೀಫರ ಕೋರ್ಟಿಗೆ ಹೋಗುವುದು ಬೇಡ ಎಂದು ದೊಡ್ಡ ಮನಸ್ಸು ಮಾಡಿ ಹೇಳಿದರು. ಅವರದು ಯಾವಾಗಲೂ ದೊಡ್ಡ ಮನಸ್ಸೇ. ಅವರ ಕಡೆಯ ನಾಲ್ವರು ಬಂದು ಎಂಟುನೂರು ಬೆಲೆ ಕಟ್ಟಿದರು. ಐನೂರು ಮುರಿದುಕೊಂಡು ಮುನ್ನೂರು ಕೈಗೆ ಕೊಟ್ಟರು. ಇಪ್ಪತ್ತು ವರ್ಷದಲ್ಲಿ ಬಾಡಿಗೆ ಎಂದು ನಾವು ಕೊಟ್ಟಿದ್ದದ್ದು ಸಾವಿರದ ಮೂವತ್ತು. ಅದರಲ್ಲಿ ಏಳುನೂರ ಮೂವತ್ತು ಮಾವನದು. ಕೊನೆಯ ಮುನ್ನೂರು ನನ್ನದು. ಮಾವನಿಗೆ ಲೆಕ್ಕ ತಿಳಿಯುತ್ತಿರಲಿಲ್ಲ ಎಂದಾದರೂ ಹೇಳಬಹುದು.

ಒಂದು ಬೆಳಗ್ಗೆ ಎರಡು ಗಾಡಿಯಲ್ಲಿ ಸಾಮಾನು ತುಂಬಿಕೊಂಡು ಪೇಟೆ ಬೀದಿಯ ನಡುವೆಯೇ ಕೆಳಗಿನ ಓಣಿಗೆ ಹೋದೆವು. ಬೇರೆ ದಾರಿ ಗಾಡಿಗೆ ಸಾಲುತ್ತಿರಲಿಲ್ಲ. ನಾನು ಸೆರಗು ಹಣೆಯವರೆಗೆ ಎಳೆದುಕೊಂಡು ನೆಲ ನೋಡುತ್ತಾ ನಡೆದೆ. ಓಣಿಯಲ್ಲಿ ಈಗ ಬಾಡಿಗೆ ಎರಡೂಕಾಲು ಆಗಿತ್ತು. ಮಾವನನ್ನು ಸಣ್ಣ ಜಗಲಿಯ ಮೇಲೆ ಕೂರಿಸಿ ಒಳಗೆ ಒಲೆ ಹೂಡುತ್ತಿದ್ದೆ. ಪೇಟೆ ಬೀದಿಯ ನಮ್ಮ ಹಳೆಯ ನೆರೆಯವನು, ಮಾವನ ಮಾತಿಗೆ ಇಪ್ಪತ್ತು ವರ್ಷ ಊಂಗುಟ್ಟಿದವನು, ಓಣಿಯಲ್ಲಿ ಬಂದು ನಿಂತ ಸದ್ದು ಕೇಳಿತು. ನನ್ನ ಕೈ ನಿಂತಿತು.

"ಏನ್ ಯಜಮಾನ್ರೇ, ಇಲ್ಲಿಗೆ ಬಂದ್ಬುಟ್ರಾ?"

"ಊಂ ಕಣಪ್ಪ. ಆ ಮನೆ ಓಯ್ತು."

"ಇಲ್ಲಿ ಬಾವಿ ನೀರು ಎಂಗೈತೆ?"

"ಸಿಹಿ ನೀರು."

"ಅಂಗಿದ್ರೆ ಸರಿ ಬುಡಿ. ಅಲ್ಲಿ ಸವುಳು" ಎಂದು ಹೇಳಿ ಅವನು ಹೋದ.

ನಾನು ಮುಂದಿನ ಪ್ರಶ್ನೆಗೆ ಕಾದೆ. ಅವನಲ್ಲದಿದ್ದರೆ ಇನ್ನೊಬ್ಬರು ಕೇಳುತ್ತಾರೆ ಎಂದು ಆ ತಿಂಗಳೆಲ್ಲ ಕಾದೆ. ಬಾವಿಯ ಹತ್ತಿರ, ಸಂತೆಯಲ್ಲಿ, ನೆಂಟರ ಮನೆಯ ನಾಮಕರಣದಲ್ಲಿ, ಸಿಕ್ಕಿದವರೆಲ್ಲ ಮಗಳು ಹೇಗಿದ್ದಾಳೆ, ಈ ಸಲ ಹುಣಸೆಹಣ್ಣು ಏನು ಬೆಲೆ ಎಂದು ಕೇಳಿದರು. ಮನೆಯ ಮಾತನ್ನು ಯಾರೂ ಎತ್ತಲಿಲ್ಲ.